ತೆನೆ ಹಬ್ಬದ ತೆನೆ



ಸೆಪ್ಟೆಂಬರ್ 8 ಮಾತೆ ಮರಿಯಮ್ಮನವರ ಜನನದ ಹಬ್ಬ. ಒಂಬತ್ತು ದಿನ ಹೂವು ಅರ್ಪಿಸಿದ ಮಕ್ಕಳು ಅಂದು ಕಬ್ಬಿಗಾಗಿ ಕಾಯುತ್ತಾರೆ. ಆಶೀರ್ವದಿಸಿದ ತೆನೆಯನ್ನು ಮನೆಗೆ ಒಯ್ದು, ಕಾಳು ಸುಲಿದು, ಹಾಲಿಗೋ ಪಾಯಸಕ್ಕೋ ಬೆರೆಸಿ ಮನೆಮಂದಿಯೆಲ್ಲ ಸವಿಯುತ್ತೇವೆ. ಕರಾವಳಿಯ ಕ್ರೈಸ್ತರಾದ ನಮಗೆ ಅದು ಹೊಸ ಅಕ್ಕಿ ಊಟದ ದಿನ. ಈ ವರ್ಷ ಸುಲಿಯುವ ಮೊದಲು ಆ ತೆನೆಯನ್ನೊಮ್ಮೆ ಕೈಯಲ್ಲಿ ಹಿಡಿದು ನೋಡಿರಿ.

ಕಾಡು ಭತ್ತದ ಕಾಳು ಮಾಗುತ್ತಲೇ ತಾನಾಗಿ ಉದುರಿ ಮಣ್ಣು ಸೇರುತ್ತದೆ. ಅದರ ವಂಶ ಉಳಿಯುವುದೇ ಹಾಗೆ. ಗದ್ದೆಯ ಭತ್ತ ಹಾಗಲ್ಲ. ಸಾವಿರಾರು ವರ್ಷಗಳಿಂದ ಮನುಷ್ಯನು ಉದುರದೆ ನಿಂತ ತೆನೆಗಳನ್ನು ಕೊಯ್ದು, ಆ ಕಾಳನ್ನೇ ಮತ್ತೆ ಬಿತ್ತುತ್ತಾ ಬಂದುದರಿಂದ, ಅದು ಕಾಳನ್ನು ಹಿಡಿದುಕೊಂಡು ಕೊಯ್ಯುವ ಕೈಗಾಗಿ ಕಾಯುತ್ತದೆ. ಯಾರೂ ಬಾರದಿದ್ದರೆ ಗದ್ದೆ ಕೆಲವೇ ವರ್ಷಗಳಲ್ಲಿ ಕಳೆಯ ಪಾಲು. ಅನ್ನವಿಲ್ಲದೆ ನಾವಿಲ್ಲವೆಂಬುದು ಎಲ್ಲರಿಗೂ ಗೊತ್ತು. ನಾವಿಲ್ಲದೆ ಈ ಭತ್ತವೂ ಇಲ್ಲವೆಂಬುದು ನೆನಪಾಗುವುದು ಕಡಿಮೆ.

ಆದಿಕಾಂಡದ 2ನೇ ಅಧ್ಯಾಯದಲ್ಲಿ ದೇವರು ಮನುಷ್ಯನನ್ನು ತೋಟದಲ್ಲಿ ಇರಿಸಿದ್ದು ಅದನ್ನು ವ್ಯವಸಾಯ ಮಾಡುವುದಕ್ಕೂ ಕಾಯುವುದಕ್ಕೂ. ಪೋಪ್ ಫ್ರಾನ್ಸಿಸ್‌ರವರು 2015ರ 'ಲೌದಾತೊ ಸಿ' ವಿಶ್ವಪತ್ರದಲ್ಲಿ ಇದೇ ವಾಕ್ಯವನ್ನು ಎತ್ತಿಕೊಂಡು, ಬದುಕಿಗೆ ಬೇಕಾದುದನ್ನು ಭೂಮಿಯಿಂದ ಪಡೆಯುವ ನಮಗೆ ಅದನ್ನು ಕಾಪಾಡುವ ಹೊಣೆಯೂ ಇದೆಯೆಂದು ವಿವರಿಸಿದರು.

ನಮ್ಮೂರುಗಳ ಬೈಲು ಗದ್ದೆಗಳನ್ನು ನೋಡಿರಿ. ನೇಜಿ ನೆಡಲು ಜನರಿಲ್ಲ, ಕೂಲಿ ಕೊಟ್ಟರೆ ಭತ್ತದ ಬೆಲೆಯಲ್ಲಿ ಗಿಟ್ಟುವುದಿಲ್ಲ. ಕೆಲವು ಕಡೆ ಅಡಿಕೆ ಬಂತು, ಕೆಲವು ಕಡೆ ಮಣ್ಣು ತುಂಬಿಸಿ ಮನೆ ಎದ್ದಿತು, ಉಳಿದದ್ದು ಹಡಿಲು ಬಿತ್ತು. ಬೇಸಾಯ ಬಿಟ್ಟವರನ್ನು ಗದರಿಸಲು ನನಗೆ ಮನಸ್ಸಿಲ್ಲ; ನಷ್ಟದ ಲೆಕ್ಕ ಅವರಿಗೇ ಗೊತ್ತು. ಆದರೆ ಹುಣಿ ಕಟ್ಟಿದ ಗದ್ದೆಯಲ್ಲಿ ಮಳೆಗಾಲವಿಡೀ ನಿಲ್ಲುತ್ತಿದ್ದ ನೀರು ಇಂಗಿ ಅಕ್ಕಪಕ್ಕದ ಬಾವಿಗಳನ್ನು ತುಂಬಿಸುತ್ತಿತ್ತು. ಈಗ ಏಪ್ರಿಲ್ ಬಂದರೆ ಟ್ಯಾಂಕರಿಗೆ ಕಾಯುತ್ತಾ ಮಳೆಯನ್ನು ದೂರುತ್ತೇವೆ.

ಕಳೆದ ವರ್ಷ ನಮ್ಮ ಧರ್ಮಕೇಂದ್ರದ ಹಬ್ಬಕ್ಕೆ ತೆನೆ ಬೇರೆ ಊರಿನಿಂದ ಬಂತು. ಹಿರಿಯರೊಬ್ಬರು, "ಫಾದರ್, ಹೊಸ ಅಕ್ಕಿ ಊಟ ಮಾಡುತ್ತೇವೆ, ಯಾರ ಗದ್ದೆಯದೆಂದೇ ಗೊತ್ತಿಲ್ಲವಲ್ಲ" ಎಂದರು. ನನಗೆ ಉತ್ತರ ಹೊಳೆಯಲಿಲ್ಲ. ಈ ಜೂನ್‌ನಲ್ಲಿ ಅವರೇ ಮುಂದೆ ನಿಂತು, ಚರ್ಚಿನ ಹಿಂದಿನ ಹಡಿಲು ಗದ್ದೆಯಲ್ಲಿ ಯುವಜನರ ಕೈಯಿಂದ ನೇಜಿ ನೆಡಿಸಿದರು. ಸಾಲು ಡೊಂಕು, ಕಳೆ ಧಾರಾಳ, ನವಿಲಿನ ಕಾಟ ಬೇರೆ. ಆದರೂ ಈ ಸಲ ಮನೆಗೊಂದು ತೆನೆ ಆ ಗದ್ದೆಯಿಂದಲೇ ಬರಲಿದೆ.