ಸೊರಬದ ಗೋಡೆ, ಮೆಕ್ಸಿಕೋದ ಗೋಡೆ

ಶಿಕಾರಿಪುರ ಬಿಟ್ಟು ಶಿರಾಳಕೊಪ್ಪದ ಮೇಲೆ ಸೊರಬಕ್ಕೆ ಹೋಗುವ ದಾರಿಯಲ್ಲಿ ಬಣ್ಣ ಬಳಿದ ಕಾಂಪೌಂಡು ಗೋಡೆಗಳಿಗೆ ಬರವಿಲ್ಲ. ಇಟ್ಟಿಗೆ ಕೆಂಪಿನ ಮೇಲೆ ಬಿಳಿ ಬಣ್ಣದ ಸಾಲುಗೊಂಬೆಗಳು, ತ್ರಿಕೋನದ ಮೈ, ಕಡ್ಡಿಯಂಥ ಕೈಕಾಲು, ನಡುವೆ ವಾದ್ಯ ಊದುವವನು, ಅವನ ಸುತ್ತ ಸುರುಳಿ ಸುತ್ತಿದ ಕುಣಿತ. ಇದು ವಾರ್ಲಿ, ಮಹಾರಾಷ್ಟ್ರದ ಪಾಲ್ಘರ್, ಠಾಣೆ ಕಡೆಯ ಬುಡಕಟ್ಟಿನವರ ಚಿತ್ರ. ಚೆಂದವೇ ಇದೆ, ತಕರಾರಿಲ್ಲ. ಆದರೆ ಅದೇ ಗೋಡೆಯ ಹಿಂದಿನ ಕೇರಿಯಲ್ಲಿ ಅದೇ ಅಕ್ಕಿಹಿಟ್ಟಿನ ಬಿಳಿ, ಅದೇ ಕೆಮ್ಮಣ್ಣಿನ ಕೆಂಪು ಇಟ್ಟುಕೊಂಡು ಬೇರೆಯದೇ ಚಿತ್ರ, ಚಿತ್ತಾರ, ಬರೆಯುವ ದೀವರ ಸಮುದಾಯದ ಹೆಂಗಸರಿದ್ದಾರೆ. ಅವರನ್ನು ಯಾರೂ ಕೇಳಿದಂತಿಲ್ಲ.

“ನಮ್ಮ ಮೊಮ್ಮಗಳು ಪಟ್ಟಿ ಮ್ಯಾಲೆ ಚಿತ್ತಾರ ಬರ್ಕಂಡು ಹೋದ್ರೆ, ವಾರ್ಲಿ ಚೆನ್ನಾಗಿ ಬಂದೈತೆ ಅಂದ್ರಂತೆ” ಎಂದು ಆ ಕೇರಿಯ ಅಜ್ಜಿಯೊಬ್ಬರು ನಕ್ಕರು. ನಗುವಿನಲ್ಲಿ ಸಿಟ್ಟೂ ಇತ್ತು.

ನಾವು ಹೋದಾಗ ಮಾನವಮಿ ಕಳೆದಿತ್ತು, ಭೂಮಿ ಹುಣ್ಣಿಮೆ ಇನ್ನೂ ಬಂದಿರಲಿಲ್ಲ. ದೀವರ ಮನೆಗಳಲ್ಲಿ ಬೂಮಣ್ಣಿ ಬುಟ್ಟಿ ಜಗಲಿಗೆ ಇಳಿಯುವ ಕಾಲ ಅದು. ಬಿದಿರಿನ ಹಳೆ ಬುಟ್ಟಿಗೆ ಸಗಣಿ ಸಾರಿಸಿ ಒಣಗಿಸಿ, ಮೇಲೆ ಕೆಮ್ಮಣ್ಣು ಬಳಿದು, ಅದರ ಮೇಲೆ ನೆನೆಸಿ ಅರೆದ ಅಕ್ಕಿಯ ಬಿಳಿಯಿಂದ ಎಳೆ ಎಳೆಯುತ್ತಾರೆ. ಬತ್ತದ ಸಸಿ, ಏಣಿ, ಎತ್ತಿನ ಗಾಡಿ, ಸೂರ್ಯ, ಚಂದ್ರ, ಕೈ ಹಿಡಿದು ನಿಂತ ಗೊಂಬೆಸಾಲು ಎಲ್ಲವೂ ಬುಟ್ಟಿಯ ಮೈಮೇಲೆ ಜಾಗ ಹುಡುಕಿಕೊಳ್ಳುತ್ತವೆ. ಆಶ್ವಯುಜ ಹುಣ್ಣಿಮೆಯ ಹೊತ್ತಿಗೆ ಗದ್ದೆಯಲ್ಲಿ ಬತ್ತ ಹೊಡೆ ತುಂಬಿರುತ್ತದೆ, ಅಂದರೆ ಭೂಮಿ ಬಸುರಿ. ಬಸುರಿಗೆ ಬಯಕೆ ಊಟ ಹಾಕಬೇಕಲ್ಲ. ರಾತ್ರಿಯಿಡೀ ಅಡಿಗೆ ಮಾಡಿ ಬುಟ್ಟಿಗೆ ತುಂಬಿ, ಬೆಳಕು ಹರಿಯುವ ಮುಂಚೆ ಗಂಡಸರು ಹೊತ್ತು ಹೋಗಿ ಗದ್ದೆಗೆ ಚರಗ ಬೀರುತ್ತಾರೆ. ಚಿತ್ತಾರ ಇರುವುದು ಆ ಒಂದು ನಡಿಗೆಗಾಗಿ. ಮುಂದಿನ ವರ್ಷ ಸಗಣಿ ಸಾರಿಸಿದರೆ ಹಳೆಯದು ಅಳಿಯಿತು.

ಅಜ್ಜಿಯ ಕೈಯಲ್ಲಿದ್ದದ್ದು ಪುಂಡಿ ನಾರು. ಪುಂಡಿಯ ಕಾಂಡವನ್ನು ನೀರಲ್ಲಿ ಕೊಳೆಸಿ ತೆಗೆದ ನಾರಿನ ತುದಿಯನ್ನು ಜಜ್ಜಿದರೆ ಅದೇ ಕುಂಚ. ಬಣ್ಣವನ್ನು ಹೊಟ್ಟೆಯಲ್ಲಿ ಹಿಡಿದುಕೊಳ್ಳುವುದರಿಂದ ಒಂದು ಅದ್ದಿಗೆ ಉದ್ದದ ಗೆರೆ ತಡೆಯಿಲ್ಲದೆ ಬರುತ್ತದೆ. ಬಿಳಿಗೆ ಅಕ್ಕಿ, ಕೆಂಪಿಗೆ ಕೆಮ್ಮಣ್ಣು, ಕಪ್ಪಿಗೆ ಕರಕಲಾಗುವಂತೆ ಹುರಿದ ಅಕ್ಕಿ, ಹಳದಿಗೆ ಗುರಿಗೆ ಕಾಯಿ. ಅಂಗಡಿಯಿಂದ ತರುವುದು ಏನೂ ಇಲ್ಲ. ಇಲ್ಲ ಎಂದರೆ ತಪ್ಪು, ಇರಲಿಲ್ಲ ಎನ್ನಬೇಕು. “ಗದ್ದೆ ಬದೀಗೆ ಪುಂಡಿ ಬೆಳೀತಿದ್ವಿ ತಮ್ಮಾ. ಈಗ ಗದ್ದೇನೇ ಅಡಿಕೆ ತ್ವಾಟ ಆಗೈತೆ. ಆ ಕಡೆ ಶಿಕಾರಿಪುರದಾಗೆ ನೋಡ್ರಿ, ಎಲ್ಲಾ ಗೋವಿನಜೋಳ. ಪುಂಡಿ ಎಲ್ಲಿ ಹಾಕನ?” ಪುಂಡಿಯಿಂದ ಶುರುವಾದ ಅವರ ಮಾತು ಕೂಲಿ, ಮಂಗ, ಅಡಿಕೆ ದರ, ಸೊಸೆಯ ಮೊಬೈಲು ಎಲ್ಲವನ್ನೂ ಸುತ್ತಿ ಮತ್ತೆ ಪುಂಡಿಗೆ ಬಂತು. ಅಷ್ಟರಲ್ಲಿ ಬುಟ್ಟಿಯ ಕಾಲು ಭಾಗ ತುಂಬಿತ್ತು. ಕೈ ಒಮ್ಮೆಯೂ ನಿಂತಿರಲಿಲ್ಲ.

ನನ್ನನ್ನು ಅಲ್ಲಿಗೆ ಕರೆದೊಯ್ದವರು ಶಿಕಾರಿಪುರದ ನಿವೃತ್ತ ಡ್ರಾಯಿಂಗ್ ಮೇಷ್ಟ್ರು. ಹೆಸರು ಹಾಕಬೇಡಿ ಎಂದಿದ್ದಾರೆ. ಅವರ ಚೀಲದಲ್ಲಿ ಮೆಕ್ಸಿಕೋದ ಚಿತ್ರಗಳ ಜೆರಾಕ್ಸ್ ಕಂತೆಯೊಂದು ಸದಾ ಇರುತ್ತದೆ. ಗೋವಿನಜೋಳದ ಹೆಸರು ಬಂದದ್ದೇ ತಡ ಅದು ಹೊರಬಂತು. “ರಸ್ತೆ ಮೇಲೆ ರಾಶಿ ಹಾಕಿ ಒಣಗಿಸ್ತಾರಲ್ಲ, ಅದರ ತವರು ಮೆಕ್ಸಿಕೋ. ಅಲ್ಲಿಯ ಜನ ಗೋಡೆ ಮೇಲೆ ಬರೆದದ್ದೂ ಅದನ್ನೇ” ಎಂದರು.

ಅವರ ಹೇಳಿಕೆಯಲ್ಲಿ ಹುರುಳಿದೆ. 1910ರಲ್ಲಿ ಶುರುವಾದ ಮೆಕ್ಸಿಕೋದ ಕ್ರಾಂತಿಯ ಒಡಲಲ್ಲಿದ್ದದ್ದು ಭೂಮಿಯ ಪ್ರಶ್ನೆ. ಜಮೀನ್ದಾರರ ಕೈಯಲ್ಲಿದ್ದ ನೆಲ ಉಳುವವರಿಗೆ ಬರಬೇಕೆಂದು ಎಮಿಲಿಯಾನೋ ಝಪಾಟಾ ರೈತರ ದಂಡು ಕಟ್ಟಿದ. ಗುಂಡಿನ ಸದ್ದು ಅಡಗುತ್ತ ಬಂದಾಗ, 1921ರಲ್ಲಿ ಶಿಕ್ಷಣ ಮಂತ್ರಿಯಾದ ಹೋಸೆ ವಾಸ್ಕೊನ್ಸೆಲೋಸ್ ಸರ್ಕಾರಿ ಕಟ್ಟಡಗಳ ಗೋಡೆಗಳನ್ನು ಚಿತ್ರಕಾರರಿಗೆ ಬಿಟ್ಟುಕೊಟ್ಟರು. ಯುರೋಪಿನಿಂದ ಅದೇ ವರ್ಷ ಮರಳಿದ್ದ ದಿಯೆಗೊ ರಿವೇರಾ, ಶಿಕ್ಷಣ ಸಚಿವಾಲಯದ ಅಂಗಳದ ಗೋಡೆಗಳಲ್ಲಿ 1923ರಿಂದ 1928ರವರೆಗೆ ನೂರಕ್ಕೂ ಹೆಚ್ಚು ಫಲಕಗಳನ್ನು ಬರೆದರು. ಗಣಿಗಿಳಿಯುವವರು, ಕಬ್ಬು ಕಡಿಯುವವರು, ಗೋವಿನಜೋಳದ ಹಬ್ಬ, ಹಳ್ಳಿಯ ಮೇಷ್ಟ್ರಮ್ಮ ಎಲ್ಲರೂ ಅಲ್ಲಿದ್ದಾರೆ. ಜೊತೆಯವರಲ್ಲಿ ಹೋಸೆ ಕ್ಲೆಮೆಂಟೆ ಒರೋಸ್ಕೊ ಕ್ರಾಂತಿಯ ಹೊಗಳಿಕೆಗಿಂತ ಅದರ ಸಂಕಟವನ್ನು ಹೆಚ್ಚು ಬರೆದವರು, ಮದ್ದಿನ ಸ್ಫೋಟದಲ್ಲಿ ಎಡಗೈ ಕಳೆದುಕೊಂಡಿದ್ದವರು. ದಾವಿದ್ ಅಲ್ಫಾರೊ ಸಿಕೆರೋಸ್ ಕಾರಿಗೆ ಹೊಡೆಯುವ ಬಣ್ಣವನ್ನೂ ಸ್ಪ್ರೇ ಗನ್ನನ್ನೂ ಗೋಡೆಗೆ ತಂದವರು. ಸಿಕೆರೋಸ್ ಮುಂದೆ ನಿಂತು ಚಿತ್ರಕಾರರ ಸಂಘದಿಂದ ಹೊರಡಿಸಿದ ಘೋಷಣೆಯ ತಿರುಳು ಇಷ್ಟು: ಚೌಕಟ್ಟಿನ ಚಿತ್ರ ಶ್ರೀಮಂತರ ಬೈಠಕ್ಖಾನೆಗೆ, ನಮ್ಮ ಚಿತ್ರ ಎಲ್ಲರೂ ನೋಡುವ ಗೋಡೆಗೆ.

ಮೇಷ್ಟ್ರು ಹೆಚ್ಚು ಹೊತ್ತು ತೋರಿಸಿದ್ದು ರಿವೇರಾ ಅದೇ ಸಚಿವಾಲಯದಲ್ಲಿ ಬರೆದ ರೊಟ್ಟಿ ಹಂಚುವ ಚಿತ್ರವನ್ನು. ಮೇಜಿನ ತಲೆಯಲ್ಲಿ ಕೂತು ರೊಟ್ಟಿ ಮುರಿಯುತ್ತಿರುವವರು ವರ್ಧಾದ ಪಾಂಡುರಂಗ ಖಾನಖೋಜೆ. ಗದರ್ ಚಳವಳಿಯ ಕ್ರಾಂತಿಕಾರಿಯಾಗಿ ದೇಶ ಬಿಟ್ಟವರು 1920ರ ದಶಕದಲ್ಲಿ ಮೆಕ್ಸಿಕೋ ಸೇರಿ, ಚಾಪಿಂಗೋದ ಕೃಷಿ ಶಾಲೆಯಲ್ಲಿ ಪಾಠ ಹೇಳಿ, ರೈತರಿಗಾಗಿ ಶಾಲೆಗಳನ್ನು ತೆರೆದು, ಗೋವಿನಜೋಳದ ತಳಿಗಳ ಮೇಲೆ ದುಡಿದರು. ಅದೇ ಚಾಪಿಂಗೋದ ಹಳೆಯ ಪ್ರಾರ್ಥನಾ ಮಂದಿರದ ಒಳಮೈಯನ್ನೆಲ್ಲ ರಿವೇರಾ ನೆಲದ ಹೆಣ್ಣು, ಬೀಜ, ಬಸಿರುಗಳಿಂದ ತುಂಬಿದರು. ಭೂಮಿ ಬಸುರಿ ಎಂಬ ಮಾತನ್ನು ಆಗಷ್ಟೇ ಜಗಲಿಯ ಮೇಲೆ ಕೇಳಿದ್ದ ನನಗೆ ಆ ಮಸುಕು ಜೆರಾಕ್ಸಿನಿಂದ ಕಣ್ಣು ಕೀಳಲಾಗಲಿಲ್ಲ. ಅಜ್ಜಿಗೂ ತೋರಿಸಿದೆವು. “ಇಷ್ಟು ದಪ್ಪ ಮೈ ಯಾಕ್ ಬರಿತಾನೆ? ಗೆರೆ ಎಲ್ಲಿ?” ಎಂದು ಕೇಳಿ ಬುಟ್ಟಿಯ ಕಡೆ ತಿರುಗಿದರು.

ಊರಿನ ಚರಿತ್ರೆ ಹೇಳದೆ ಬಿಟ್ಟರೆ ಇಲ್ಲಿಯವರು ಕ್ಷಮಿಸುವುದಿಲ್ಲ. ಶಿಕಾರಿಪುರ ಅಂದರೆ ಹುಚ್ಚರಾಯಸ್ವಾಮಿ. ಹತ್ತಿರದ ತಾಳಗುಂದದಲ್ಲಿ ಮಯೂರಶರ್ಮನ ಕಥೆ ಹೇಳುವ ಕದಂಬರ ಸ್ತಂಭ ಶಾಸನವಿದೆ, ಕ್ರಿ.ಶ. 370ರದೆಂದು ಪುರಾತತ್ವ ಇಲಾಖೆ ಹೇಳುವ ಸಿಂಹಕಟಾಂಜನ ಶಾಸನ ಸಿಕ್ಕಿದ್ದೂ ಅಲ್ಲೇ. ಬಳ್ಳಿಗಾವಿಯಲ್ಲಿ ಕೇದಾರೇಶ್ವರ. ಅಲ್ಲಮ ಅಲ್ಲಿಯವನು, ಅಕ್ಕಮಹಾದೇವಿ ಉಡುತಡಿಯವಳು. ಸೊರಬದ ಕಡೆ ಕುಬಟೂರಿನ ಕೈಟಭೇಶ್ವರ, ಚಂದ್ರಗುತ್ತಿಯ ರೇಣುಕಾಂಬೆ, ಗುಡವಿಯ ಹಕ್ಕಿಗಳು. ಎರಡು ತಾಲ್ಲೂಕು ಸೇರಿ ರಾಜ್ಯಕ್ಕೆ ಬಂಗಾರಪ್ಪ, ಯಡಿಯೂರಪ್ಪ ಎಂಬ ಇಬ್ಬರು ಮುಖ್ಯಮಂತ್ರಿಗಳನ್ನು ಕೊಟ್ಟಿವೆ. ಇದನ್ನು ಚಹಾ ಅಂಗಡಿಯಲ್ಲಿ ಕೂತ ಯಾರಾದರೂ ನಿಮಗೆ ಕೇಳದೆಯೇ ಹೇಳುತ್ತಾರೆ.

ಸೊರಬ ಪೇಟೆಯಲ್ಲಿ ಗುಡಿಗಾರರಿದ್ದಾರೆ. ಗಂಧದ ಕೆತ್ತನೆಗೆ ಇವರದು ದೊಡ್ಡ ಹೆಸರು. ಗಂಧ ಸಿಗುವುದು ಕಷ್ಟವಾದ ಮೇಲೆ ಶಿವಣೆ ಮರಕ್ಕೂ ಉಳಿ ಹಚ್ಚಿದ್ದಾರೆ. ಮದುವೆಯ ಬೆಂಡಿನ ಬಾಸಿಂಗ ಕೂಡ ಇವರ ಕೈಯದೇ. ಇವರ ಬಗ್ಗೆ ಬೇರೆಯೇ ಬರೆಯಬೇಕು. ನಾನು ಹೋದದ್ದು ಚಿತ್ತಾರದ ಬೆನ್ನು ಹತ್ತಿ.

ಚಿತ್ತಾರದ ದೊಡ್ಡ ರೂಪ ಬುಟ್ಟಿಯಲ್ಲ, ಹಸೆಗೋಡೆ. ಮದುವೆಯಲ್ಲಿ ಗಂಡು ಹೆಣ್ಣು ಕೂರುವ ಹಸೆಯ ಹಿಂದಿನ ಗೋಡೆಗೆ ಕೆಮ್ಮಣ್ಣು ಬಳಿದು, ಹೆಂಗಸರು ಹಾಡಿಕೊಳ್ಳುತ್ತ ಬರೆಯುವ ಚೌಕ ಅದು. ಅಂಚಿಗೆ ಎಳೆಯ ಮೇಲೆ ಎಳೆ, ಒಳಗೆ ಒಂದರೊಳಗೊಂದು ಹೆಣೆದ ಓರೆಗೆರೆಗಳ ನೀಲಿಕೊಚ್ಚು, ನಡುವೆ ಮದುಮಕ್ಕಳು. ಅದರಲ್ಲಿ ಎಲ್ಲಿಯೂ ಸಹಿ ಇಲ್ಲ. ಬರೆದವಳು ಇಂಥವಳು ಎಂದು ಊರಿಗೆ ಗೊತ್ತು, ಅಷ್ಟು ಸಾಕಿತ್ತು. ಮೆಕ್ಸಿಕೋದಲ್ಲಿ ಗೋಡೆ ಹೆಚ್ಚುಕಡಿಮೆ ಗಂಡಸರ ಸ್ವತ್ತಾಗಿತ್ತು. ಫ್ರಿದಾ ಕಾಹ್ಲೊ ಹೆಸರು ಮಾಡಿದ್ದು ಸಣ್ಣ ಅಳತೆಯ ಚಿತ್ರಗಳಿಂದ. 1945ರಲ್ಲಿ ಮಾರಿಯಾ ಇಸ್ಕಿಯೆರ್ದೊ ಎಂಬ ಕಲಾವಿದೆಗೆ ಮೆಕ್ಸಿಕೋ ನಗರದ ಸರ್ಕಾರಿ ಕಟ್ಟಡವೊಂದರ ಗೋಡೆ ಸಿಕ್ಕಿತ್ತು. ಗೋಡೆ ಬರೆದ ಅನುಭವ ಸಾಲದೆಂದು ರಿವೇರಾ, ಸಿಕೆರೋಸ್ ಇಬ್ಬರೂ ಅಡ್ಡಿಯಾಗಿ ಆ ಕೆಲಸ ಕೈತಪ್ಪಿತು. ಎಲ್ಲರ ಗೋಡೆ ಎಂದವರೇ ಹೀಗೆ ಮಾಡಿದರು. ಇದನ್ನು ಹೇಳಿದಾಗ ಅಜ್ಜಿ ಮೊದಲ ಸಲ ಕೈ ನಿಲ್ಲಿಸಿದರು. “ಗಂಡಸ್ರು ಗ್ವಾಡೆ ಬರೀತಾರಾ?”

ಮೇಷ್ಟ್ರಿಗೆ ಇರುವ ಕೊರಗು ಬೇರೆ. ಪಕ್ಕದ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ 1951ರಲ್ಲಿ ದೀವರ ಗೇಣಿದಾರರೇ ಸತ್ಯಾಗ್ರಹಕ್ಕೆ ಇಳಿದರು. ಗೇಣಿಯ ಬತ್ತ ಅಳೆಯುವ ಕೊಳಗದ ಅಳತೆಯ ಮೋಸದಿಂದ ಹತ್ತಿದ ಕಿಡಿ ಅದು. ಎಚ್. ಗಣಪತಿಯಪ್ಪ ಮುಂದೆ ನಿಂತರು, ಶಾಂತವೇರಿ ಗೋಪಾಲಗೌಡರು ಬಂದರು, ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು. 1974ರ ಭೂ ಸುಧಾರಣೆಗೆ ಇದು ದಾರಿ ಮಾಡಿತು. “ಝಪಾಟಾನನ್ನು ರಿವೇರಾ ಬಿಳಿ ಕುದುರೆ ಸಮೇತ ಗೋಡೆಗೇರಿಸಿದ. ನಮ್ಮ ಗಣಪತಿಯಪ್ಪನವರನ್ನು ಯಾವ ಗೋಡೆ ಮೇಲೆ ನೋಡಿದ್ದೀರಿ? ಜೈಲಿಗೆ ಹೋದವರ ಮನೆ ಹೆಂಗಸರೇ ಚಿತ್ತಾರ ಬರೆಯುವವರು. ಒಂದು ಕೊಳಗವನ್ನಾದರೂ ಬರೆಯಬಹುದಿತ್ತು” ಎಂಬುದು ಅವರ ವಾದ.

ನನಗೆ ಇದು ಒಪ್ಪಿಗೆಯಾಗಲಿಲ್ಲ. ರಿವೇರಾಗೆ ಗೋಡೆ ಕೊಟ್ಟದ್ದು ಸರ್ಕಾರ, ಹೇಳಬೇಕಾದ ಕಥೆಯೂ ಸರ್ಕಾರಕ್ಕೆ ಬೇಕಾಗಿತ್ತು. ಕೊಟ್ಟವರು ಕಿತ್ತುಕೊಳ್ಳಲೂ ಬಲ್ಲರು. ನ್ಯೂಯಾರ್ಕಿನ ರಾಕ್‌ಫೆಲರ್ ಸೆಂಟರಿನಲ್ಲಿ ಅವರು ಲೆನಿನ್ ಮುಖ ಬರೆದದ್ದಕ್ಕೆ ಕೆಲಸ ನಿಲ್ಲಿಸಿ, 1934ರಲ್ಲಿ ಚಿತ್ರವನ್ನೇ ಒಡೆದು ಹಾಕಿದರು. ದೀವರ ಗೋಡೆ ಮದುವೆಗೆಂದು ಇರುವ ಗೋಡೆ. ಅಲ್ಲಿ ಕೊಳಗ ಬರೆದು ಒಡೆಯರ ಮೋಸ ನೆನೆಯಬೇಕೆಂದು ಮದುಮಗಳ ತಾಯಿಗೆ ಹೇಳುವವರು ಯಾರು? ಮೇಷ್ಟ್ರು ಒಪ್ಪಲಿಲ್ಲ. ಶಿರಾಳಕೊಪ್ಪದ ಹೋಟೆಲಿನಲ್ಲಿ ದೋಸೆ ತಣ್ಣಗಾಗುವವರೆಗೂ ಈ ಜಗಳ ನಡೆಯಿತು.

ಜಗಳವಿಲ್ಲದ ಸಂಗತಿ ಒಂದಿದೆ. ಆ ಗೋಡೆಯೇ ಈಗ ಇಲ್ಲ. ಬಂಗಾರಪ್ಪನವರು ಮುಖ್ಯಮಂತ್ರಿಯಾಗಿದ್ದಾಗ ಬಂದ ಆಶ್ರಯ ಯೋಜನೆಯಿಂದ ಶುರುವಾಗಿ ಬಡವರಿಗೆ ಗಟ್ಟಿ ಮನೆಗಳು ಬಂದವು. ಬರಲೇಬೇಕಾಗಿತ್ತು. ಮಲೆನಾಡಿನ ಮಳೆಯಲ್ಲಿ ಮಣ್ಣಿನ ಗೋಡೆ ಕುಸಿಯುವುದನ್ನು ಕಂಡವರು ಅದನ್ನು ಚೆಂದ ಎಂದು ಹೊಗಳುವುದಿಲ್ಲ. ಆದರೆ ಅಜ್ಜಿ ಮಲಗುವ ಕೋಣೆಯ ಗೋಡೆ ತೋರಿಸಿ ಹೇಳಿದರು: “ಸಿಮೆಂಟ್ ಗ್ವಾಡೆ ಕುಡಿಯದಿಲ್ಲ ತಮ್ಮಾ. ಮಣ್ಣಿನ ಗ್ವಾಡೆ ಅಕ್ಕಿಹಿಟ್ಟು ಕುಡಿದು ಹಿಡ್ಕಂತಿತ್ತು. ಇದ್ರ ಮ್ಯಾಲೆ ಬರದ್ರೆ ಒಣಗಿ ಹಪ್ಪಳದಂಗೆ ಏಳ್ತೈತೆ.” ಈ ಕಷ್ಟ ರಿವೇರಾಗೂ ಹೊಸದಲ್ಲ. ಸುಣ್ಣದ ಹಸಿ ಗಿಲಾವಿಗೆ ಬಣ್ಣ ಹಿಡಿಯಲೆಂದು ಅವರು ಪಾಪಾಸುಕಳ್ಳಿಯ ಲೋಳೆ ಬೆರೆಸಿ, ಇದು ನಮ್ಮ ಪೂರ್ವಿಕರ ಗುಟ್ಟು ಎಂದು ಪತ್ರಿಕೆಗಳ ಮುಂದೆ ಬೀಗಿದ್ದರು. ಲೋಳೆ ಕೊಳೆತು ಗೋಡೆ ಕಲೆಗಟ್ಟಿ ಅದನ್ನು ಬಿಡಬೇಕಾಯಿತು. ಕೊನೆಗೆ ಕೈಹಿಡಿದದ್ದು ಗೋಡೆಗೆ ಬಣ್ಣ ಬಳಿಯುವವರ ಮನೆಯಲ್ಲಿ ಹುಟ್ಟಿದ ಸಹಾಯಕ ಹಾವಿಯೆರ್ ಗೆರೆರೊ ತಿಳಿದಿದ್ದ ಸುಣ್ಣದ ಕೆಲಸ.

ಹೀಗಾಗಿ ಚಿತ್ತಾರ ಹೊರಟಿರುವುದು ಮೆಕ್ಸಿಕೋದವರ ಎದುರು ದಿಕ್ಕಿಗೆ. ಅವರು ಚೌಕಟ್ಟು ಬಿಟ್ಟು ಗೋಡೆಗೆ ಹೋದರು, ಇವರು ಗೋಡೆ ಬಿಟ್ಟು ಚೌಕಟ್ಟಿಗೆ ಬಂದಿದ್ದಾರೆ. ಪ್ಲೈವುಡ್ಡಿಗೆ ಕೆಮ್ಮಣ್ಣು ಬಳಿದು, ಗಾಜು ಹಾಕಿಸಿ, ಬೆಂಗಳೂರಿನ ಮೇಳಗಳಿಗೆ ಕಳಿಸುತ್ತಾರೆ. ಅದರಲ್ಲಿ ನಾಲ್ಕು ಕಾಸು ಬರುತ್ತದೆ, ಹೆಸರೂ ಬರುತ್ತದೆ. ಹುಡುಗರೂ ಕಲಿತಿದ್ದಾರೆ. ವಾರ್ಲಿಯ ದಾರಿಯೂ ಇದೇ ಆಗಿತ್ತು. ಅಲ್ಲಿಯೂ ಮದುವೆ ಗೋಡೆಗೆ ಹೆಂಗಸರು ಬರೆಯುತ್ತಿದ್ದದ್ದನ್ನು 1970ರ ದಶಕದಲ್ಲಿ ಜಿವ್ಯಾ ಸೋಮಾ ಮಾಶೆ ಕಾಗದ, ಬಟ್ಟೆಗೆ ತಂದ ಮೇಲೆ ಅದು ಊರೂರು ತಿರುಗಿ, ಈಗ ಶಿರಾಳಕೊಪ್ಪದ ರಸ್ತೆಯ ಕಾಂಪೌಂಡಿಗೂ ಬಂದು ಕೂತಿದೆ. ಕಂಡಲ್ಲೆಲ್ಲ ಇದ್ದದ್ದರಿಂದ ಅದೇ ಮಾದರಿಯಾಯಿತು. ಚಿತ್ತಾರಕ್ಕೆ ಕಾಣಿಸಿಕೊಳ್ಳಲು ಸ್ವಂತ ತಾಲ್ಲೂಕಿನಲ್ಲೇ ಗೋಡೆಯಿಲ್ಲ.

ಊರ ಕಾಂಪೌಂಡು ಕೊಟ್ಟರೆ ಬರೆಯುತ್ತೀರಾ ಎಂದು ಹೊರಡುವಾಗ ಮೇಷ್ಟ್ರು ಕೇಳಿದರು. ಅಜ್ಜಿ ಯೋಚನೆ ಮಾಡದೆ ಲೆಕ್ಕ ಒಪ್ಪಿಸಿದರು. ಸಿಮೆಂಟಿನ ಮೇಲೆ ಮಣ್ಣಿನ ಗಿಲಾವು ಗೋಡೆ ಕೊಡುವವರೇ ಮಾಡಿಸಿಕೊಡಬೇಕು, ಮಳೆ ಬೀಳದ ಹಾಗೆ ಮೇಲೆ ಹಂಚಿನ ಸೂರು ಇಳಿಸಬೇಕು, ಜೊತೆಗೆ ತಂಗಿ ಮತ್ತು ಓರಗಿತ್ತಿ ಬರುತ್ತಾರೆ, ಮೂವರಿಗೂ ಕೂಲಿ ಕೊಡಬೇಕು. “ಗದ್ದೆ ನಟ್ಟಿ ಕೂಲಿಗಿಂತ ಜಾಸ್ತಿ ಆಗ್ಬೇಕು ಮೇಷ್ಟ್ರೇ, ಮೊದ್ಲೇ ಹೇಳೀನಿ. ನಟ್ಟಿ ಟೈಮಿನಾಗೆ ಕರೀಬ್ಯಾಡ್ರಿ, ಬರದಿಲ್ಲ.”