ಒಂದು ಗಣಕಯಂತ್ರ, ನಾಲ್ವರು ಯಜಮಾನರು

ಮನೆಯಲ್ಲಿರುವುದು ಒಂದೇ ಒಳ್ಳೆಯ ಗಣಕಯಂತ್ರ. ಅದರ ಮುಂದೆ ಕೂಡಬೇಕೆನ್ನುವವರು ನಾಲ್ವರು. ಕಪಾಟಿನಲ್ಲಿ ಮುದಿಯಾದ ಲ್ಯಾಪ್‌ಟಾಪುಗಳೆರಡು ಧೂಳು ತಿನ್ನುತ್ತಿವೆ. ಆ ಮುದಿಯಂತ್ರಗಳ ಮೂಲಕವೇ ಒಳ್ಳೆಯ ಯಂತ್ರವನ್ನು ಹೊಕ್ಕು, ಎಲ್ಲರೂ ಏಕಕಾಲದಲ್ಲಿ ತಂತಮ್ಮ ಕೆಲಸ ಮಾಡಿಕೊಳ್ಳಲಾಗದೆ? ಪ್ರಶ್ನೆ ಸಹಜವಾದುದು, ಹೊಸದಂತೂ ಅಲ್ಲ.

1961ರಲ್ಲಿಯೇ ಅಮೆರಿಕದ ಎಂ.ಐ.ಟಿ. ವಿದ್ಯಾಸಂಸ್ಥೆಯಲ್ಲಿ ಫರ್ನಾಂಡೊ ಕೊರ್ಬಟೊ ಮತ್ತು ಸಂಗಡಿಗರು ಇದನ್ನು ಮಾಡಿ ತೋರಿಸಿದರು. ಯಂತ್ರದ ಕಾಲವನ್ನು ಕ್ಷಣದ ತುಣುಕುಗಳಾಗಿ ಸೀಳಿ ಸರದಿಯಂತೆ ಹಂಚುವುದೇ ಅವರ ಉಪಾಯ. ಬಡಿಸುವವನು ಪಂಕ್ತಿಯುದ್ದಕ್ಕೂ ಅಷ್ಟು ಚುರುಕಾಗಿ ಓಡಾಡಿದರೆ, ಉಣ್ಣುವ ಪ್ರತಿಯೊಬ್ಬನಿಗೂ ತನ್ನ ಎಲೆಯ ಮುಂದೆಯೇ ಅವನು ನಿಂತಿರುವಂತೆ ತೋರುವುದಲ್ಲವೆ?

ಅಂದಿನ ಯಂತ್ರಕ್ಕಿಂತ ಇಂದಿನ ಮನೆಯ ಯಂತ್ರ ಎಷ್ಟೋ ಪಾಲು ಬಲಶಾಲಿ. ಆದರೂ ವಿಂಡೋಸಿನ ಹೋಮ್ ಆವೃತ್ತಿ ತನ್ನ ರಿಮೋಟ್ ಡೆಸ್ಕ್‌ಟಾಪ್ ಬಾಗಿಲನ್ನು ಹೊರಗಿನವರಿಗೆ ತೆರೆಯುವುದೇ ಇಲ್ಲ. ಪ್ರೊ ಆವೃತ್ತಿ ತೆರೆಯುತ್ತದೆ, ಒಬ್ಬರಿಗೆ ಮಾತ್ರ; ಮಗಳು ಮಹಡಿಯಿಂದ ಪ್ರವೇಶಿಸಿದಳೆಂದರೆ ಹಜಾರದಲ್ಲಿ ಕುಳಿತ ತಂದೆಯ ಪರದೆಗೆ ಬೀಗ! ಇದು ಯಂತ್ರದ ಅಶಕ್ತಿಯಲ್ಲ, ವ್ಯಾಪಾರದ ಕಟ್ಟಳೆ. ಬಹುಜನ ಪ್ರವೇಶದ ವಿಂಡೋಸನ್ನು ಮೈಕ್ರೋಸಾಫ್ಟ್ 1998ರಲ್ಲಿಯೇ ಹೊರತಂದಿತ್ತು. ಇಂದಿಗೂ ಆ ಸೌಕರ್ಯ ಸರ್ವರ್ ಆವೃತ್ತಿಗೆ ಮೀಸಲು. ಅದಕ್ಕೆ ಪ್ರತ್ಯೇಕ ಪರವಾನಗಿ ಕೊಳ್ಳಬೇಕು.

ಕೆಲವರು ಕಳ್ಳದಾರಿ ಹಿಡಿಯುವುದುಂಟು. ಟರ್ಮ್‌ಸರ್ವ್ ಎಂಬ ಕಡತವನ್ನು ತಿದ್ದುವ ಉಚಿತ ತಂತ್ರಾಂಶಗಳು ಅಂತರಜಾಲದಲ್ಲಿ ಸುಲಭವಾಗಿ ಸಿಗುತ್ತವೆ. ಪರವಾನಗಿಯ ಷರತ್ತು ಮುರಿಯುವುದು ಹಾಗಿರಲಿ. ವಿಂಡೋಸ್ ಪರಿಷ್ಕರಣೆಗೊಂಡಾಗ ತಿದ್ದುಪಡಿ ಕೆಟ್ಟು ಕೂಡುತ್ತದೆ. ಅದಕ್ಕಂಜಿ ಪರಿಷ್ಕರಣೆಯನ್ನೇ ನಿಲ್ಲಿಸುವವರಿದ್ದಾರೆ. ಇದು ಶುದ್ಧ ಅವಿವೇಕ. 2019ರಲ್ಲಿ ‘ಬ್ಲೂಕೀಪ್’ ಎಂಬ ದೋಷ ಇದೇ ಸೇವೆಯಲ್ಲಿ ಬಯಲಾಯಿತು. ಗುಪ್ತಪದವೂ ಬೇಕಿಲ್ಲದೆ ಕಳ್ಳ ಒಳನುಗ್ಗಬಹುದಾಗಿತ್ತು. 2014ರಲ್ಲಿಯೇ ಬೆಂಬಲ ಕಳೆದುಕೊಂಡಿದ್ದ ವಿಂಡೋಸ್ ಎಕ್ಸ್‌ಪಿಗೂ ಆಗ ಮೈಕ್ರೋಸಾಫ್ಟ್ ಮದ್ದು ಕಳಿಸಬೇಕಾಯಿತು. ಮನೆಯ ಲೆಕ್ಕಪತ್ರ, ಮಕ್ಕಳ ಭಾವಚಿತ್ರ ಎಲ್ಲವೂ ಒಂದೇ ಯಂತ್ರದಲ್ಲಿರುವಾಗ ಇಂಥ ದೋಷವನ್ನು ಮುಚ್ಚದೆ ಬಿಡುವುದುಂಟೆ?

ನೇರ ದಾರಿಯೂ ಇದೆ. ಲಿನಕ್ಸ್ ಹಾಗೂ ಎಕ್ಸ್‌ಆರ್‌ಡಿಪಿ ಎರಡೂ ಉಚಿತ. ಒಬ್ಬೊಬ್ಬರಿಗೂ ಪ್ರತ್ಯೇಕ ಖಾತೆ, ಪ್ರತ್ಯೇಕ ಪರದೆ ದೊರೆಯುತ್ತವೆ. ಒಬ್ಬರು ಬಂದರೆಂದು ಇನ್ನೊಬ್ಬರು ಏಳಬೇಕಿಲ್ಲ. ಯಂತ್ರದಲ್ಲಿ ರ್‍ಯಾಮ್ ಮಾತ್ರ ಧಾರಾಳವಾಗಿರಬೇಕು. ವಿಂಡೋಸಿಗೆಂದೇ ರಚಿಸಿದ ಕೆಲವು ತಂತ್ರಾಂಶಗಳು ಇಲ್ಲಿ ನಡೆಯವು. ರೌಟರಿನಲ್ಲಿ 3389ನೆಯ ದ್ವಾರವನ್ನು ಲೋಕಕ್ಕೆಲ್ಲ ತೆರೆದಿಡಬಾರದು. ಊರಾಚೆಯಿಂದ ಬರಬೇಕಾದವರು ವಿ.ಪಿ.ಎನ್. ಮೂಲಕವೇ ಬರಲಿ.

ವೇಗದ ಆಟಗಳಿಗೆ ಈ ಏರ್ಪಾಡು ಒಗ್ಗದು, ಚಿತ್ರಗಳು ತಡವರಿಸುತ್ತವೆ. ಆಟದ ಹುಚ್ಚಿನ ಮಗರಾಯ ಹಜಾರದಲ್ಲಿಯೇ, ಎಲ್ಲರ ಕಣ್ಣೆದುರಿಗೇ ಕೂಡಬೇಕಾದೀತು.