ಗಾಲಿಯ ರಿಮ್ಮು: ಹೊಂದುವುದೆಂದರೇನು?

ಕಾರಿನ ರಿಮ್ಮು ಬಾಗಿದಾಗ ಅಥವಾ ಬಿರುಕು ಬಿಟ್ಟಾಗ ಬೇರೊಂದನ್ನು ತೊಡಿಸಬೇಕಾಗುತ್ತದೆ. ಬೋಲ್ಟುಗಳಿಗೆ ಸರಿಯಾಗಿ ಕುಳಿತರೆ ಸಾಕೆಂದು ಹಲವರು ಭಾವಿಸುತ್ತಾರೆ. ಇದು ಅಪಾಯಕರವಾದ ಅರ್ಧಸತ್ಯ.

2008ರಲ್ಲಿ ಭಾರತಕ್ಕೆ ಬಂದ ಟೊಯೋಟಾ ಕೊರೋಲಾ ಆಲ್ಟಿಸ್ ಕಾರನ್ನು ಉದಾಹರಣೆಗೆ ತೆಗೆದುಕೊಳ್ಳೋಣ. ಅದರ ಐದು ಬೋಲ್ಟುಗಳು 114.3 ಮಿ.ಮೀ., ಎಂದರೆ ನಾಲ್ಕೂವರೆ ಅಂಗುಲ ವ್ಯಾಸದ ವೃತ್ತದ ಮೇಲಿವೆ. ಅದೇ ಕಾಲದ ಹೋಂಡಾ ಸಿವಿಕ್ ಕಾರಿನಲ್ಲಿಯೂ ಬೋಲ್ಟುಗಳು ಐದೇ, ವೃತ್ತವೂ ಅಷ್ಟೇ. ಆದರೆ ರಿಮ್ಮಿನ ನಡುವಣ ರಂಧ್ರ ಕೊರೋಲಾದಲ್ಲಿ 60.1 ಮಿ.ಮೀ., ಸಿವಿಕ್ಕಿನಲ್ಲಿ 64.1 ಮಿ.ಮೀ. ಆದ್ದರಿಂದ ಸಿವಿಕ್ಕಿನ ರಿಮ್ಮನ್ನು ಕೊರೋಲಾಕ್ಕೆ ತೊಡಿಸಿದರೆ ಚಕ್ರನಾಭಿಯ ಸುತ್ತ ಸುಮಾರು 2 ಮಿ.ಮೀ. ತೆರವು ಉಳಿಯುತ್ತದೆ. ರಿಮ್ಮು ಕೇಂದ್ರ ತಪ್ಪಿ ಕುಳಿತರೆ ವೇಗದಲ್ಲಿ ಸ್ಟಿಯರಿಂಗ್ ಅದುರುತ್ತದೆ.

ಈ ತೆರವನ್ನು ಉಂಗುರವೊಂದರಿಂದ ತುಂಬಬಹುದು. ಆದರೆ ನಟ್ಟಿನ ಪ್ರಶ್ನೆ ಹಾಗೆಯೇ ಉಳಿಯುತ್ತದೆ. ಹೋಂಡಾ ರಿಮ್ಮಿನಲ್ಲಿ ನಟ್ಟು ಕೂರುವ ಕುಳಿ ಗೋಳಾಕಾರವಾದುದು. ಟೊಯೋಟಾ ನಟ್ಟಿನ ಬುಡದ ಆಕಾರ ಬೇರೆ. ಇವೆರಡೂ ಪೂರ್ತಿಯಾಗಿ ತಾಗದಿದ್ದರೆ ಬಿಗಿತ ಕ್ರಮೇಣ ಸಡಿಲಗೊಂಡು ಗಾಲಿಯೇ ಕಳಚಬಹುದು.

ಇನ್ನು, ರಿಮ್ಮಿನ ಅಗಲದ ಮಧ್ಯರೇಖೆಗೂ ಅದು ನಾಭಿಗೆ ಒತ್ತಿಕೊಳ್ಳುವ ಮುಖಕ್ಕೂ ಇರುವ ಅಂತರವನ್ನು ಗಮನಿಸಬೇಕು. ರಿಮ್ಮಿನ ಮೇಲೆ ‘ಇ.ಟಿ.’ ಎಂಬ ಅಕ್ಷರಗಳ ಜೊತೆಯಲ್ಲಿರುವ ಸಂಖ್ಯೆ ಇದೇ. ಅದು ತೀರ ಕಡಿಮೆಯಾದರೆ ಗಾಲಿ ಹೊರಚಾಚಿ ಬೇರಿಂಗಿನ ಮೇಲೆ ಹೊರೆ ಹೆಚ್ಚುತ್ತದೆ. ತೀರ ಹೆಚ್ಚಾದರೆ ಗಾಲಿ ಒಳಗಿನ ಭಾಗಗಳಿಗೆ ಉಜ್ಜುತ್ತದೆ.

ದೊಡ್ಡ ರಿಮ್ಮು ಬೇಕಾದಲ್ಲಿ ಟೈರಿನ ಎತ್ತರವನ್ನು ತಗ್ಗಿಸಬೇಕು. 15 ಅಂಗುಲದ ರಿಮ್ಮಿಗೆ 195/65 ಟೈರು ಹಾಕಿದಾಗ ಗಾಲಿಯ ಒಟ್ಟು ವ್ಯಾಸ 634.5 ಮಿ.ಮೀ.; 16 ಅಂಗುಲಕ್ಕೆ 205/55 ಹಾಕಿದರೆ ಸುಮಾರು 632. ವ್ಯಾಸ ಹೆಚ್ಚುಕಡಿಮೆ ಒಂದೇ ಆದುದರಿಂದ ವೇಗಮಾಪಕವು ದಾರಿ ತಪ್ಪಿಸದು.

ಕೊನೆಯದಾಗಿ, ರಿಮ್ಮು ಹೊರಬಲ್ಲ ಭಾರವನ್ನೂ ನೋಡಿಯೇ ಕೊಳ್ಳಬೇಕು. ಹೊಳಪನ್ನು ಕಣ್ಣು ಅಳೆಯಬಲ್ಲದು. ಹೊಂದಿಕೆಯನ್ನು ಅಳತೆಯೇ ಹೇಳಬೇಕು.